ಬರಗಾಲದಲ್ಲಿ ಅಧಿಕ ಮಾಸ: ಇಲ್ಲದ ನಾಡಿಗೊಂದು ಪಂಚಾಂಗ

ಚಿಕ್ಕಬಳ್ಳಾಪುರದಲ್ಲಿ ಒಂದು ಭಾನುವಾರ ಬೆಳಿಗ್ಗೆ ಆಡಿದ ಮಾತಿನ ಬರಹ ರೂಪ ಇದು. ಎದುರಿಗೆ ಕೂತವರಲ್ಲಿ ಹೆಚ್ಚಿನವರು ಕಾಲೇಜು ಹುಡುಗ ಹುಡುಗಿಯರು. ಕಲ್ಪನೆಯ ಲೋಕದ ಕತೆ ಬರೆಯುವವರು, ಇಲ್ಲವೇ ಬರೆಯಬೇಕು ಅಂದುಕೊಂಡವರು. ಹಿಂದಿನ ಸಾಲಿನಲ್ಲಿ ಸುತ್ತಮುತ್ತಲ ಹಳ್ಳಿಯ ನಾಲ್ಕೈದು ಹಿರಿಯರೂ ಇದ್ದರು. ಎರಡೆರಡು ಸಲ ಬಂದ ಮಾತು ತೆಗೆದಿದ್ದೇನೆ. ಕೊನೆಯಲ್ಲಿ ನಡೆದ ಮಾತುಕತೆಯನ್ನು ಉಳಿಸಿಕೊಂಡಿದ್ದೇನೆ.

ಒಂದು ಗಾದೆಯಿಂದ ಶುರು ಮಾಡುತ್ತೇನೆ. "ಬರಗಾಲದಲ್ಲಿ ಅಧಿಕ ಮಾಸ." ಮನೆಯಲ್ಲಿ ಅಜ್ಜಿ ಇದ್ದರೆ ಕೇಳಿರುತ್ತೀರಿ. ಇರೋ ಕಷ್ಟ ಸಾಲದು ಅಂತ ಇನ್ನೊಂದು ಬಂದು ಕೂತಾಗ ಹೇಳುವ ಮಾತು. ಚಿಕ್ಕಂದಿನಿಂದ ಕೇಳಿದ್ದೆ, ಆದರೆ ಅದರ ಒಳಗೆ ಏನಿದೆ ಅಂತ ಇಣುಕಿ ನೋಡಿರಲಿಲ್ಲ.

ಈಗ ನೋಡಿ. ಮಳೆ ಕೈಕೊಟ್ಟಿದೆ. ಕಣಜದಲ್ಲಿ ರಾಗಿ ತಳ ಕಾಣುತ್ತಿದೆ. ಮನೆಯಾಕೆ ತಿಂಗಳಿಗೆ ಇಷ್ಟು ಸೇರು ಅಂತ ಅಳೆದು ಎತ್ತಿಟ್ಟಿದ್ದಾಳೆ. ಅಷ್ಟರಲ್ಲಿ ಪಂಚಾಂಗ ಓದುವವರು ಈ ವರ್ಷಕ್ಕೆ ಹದಿಮೂರು ತಿಂಗಳು ಅನ್ನುತ್ತಾರೆ. ನಿಜ ಹೇಳಬೇಕು ಅಂದರೆ ಇದರಿಂದ ಬೆಳೆ ಒಂದು ದಿನವೂ ತಡವಾಗುವುದಿಲ್ಲ. ರಾಗಿ ಪೈರಿಗೆ ಪಂಚಾಂಗ ಗೊತ್ತಿಲ್ಲ. ಆದರೆ ಅವಳ ಲೆಕ್ಕಕ್ಕೆ ಇನ್ನೊಂದು ತಿಂಗಳು ಬಂದು ಸೇರಿತು. ಹಬ್ಬ ದೂರ ಹೋಯಿತು. ಆಕಾಶದ ಲೆಕ್ಕ ಒಂದು ಕಡೆ, ಹೊಟ್ಟೆಯ ಲೆಕ್ಕ ಒಂದು ಕಡೆ. ಎರಡೂ ತಾಳೆಯಾಗದ ಜಾಗದಲ್ಲಿ ಈ ಮೂರು ಪದದ ಗಾದೆ ಹುಟ್ಟಿದೆ.

ನೀವು ಕಟ್ಟುವ ನಾಡಿನ ಪಂಚಾಂಗದಿಂದ ಇಂಥ ಒಂದು ಗಾದೆ ಹುಟ್ಟಬೇಕು. ಹುಟ್ಟದೇ ಹೋದರೆ ನಿಮ್ಮ ಪಂಚಾಂಗ ಬರೀ ಕೋಷ್ಟಕವಾಗಿ ಉಳಿಯುತ್ತದೆ. ಇವತ್ತು ನಾನು ಹೇಳೋಕೆ ಬಂದಿರುವುದು ಇಷ್ಟೇ. ಉಳಿದ ಮಾತೆಲ್ಲ ಇದರ ಸುತ್ತ.

ಅಧಿಕ ಮಾಸ ಯಾಕೆ ಬರುತ್ತದೆ ಅಂತ ಮೊದಲು ಬೇಗ ನೋಡಿಬಿಡೋಣ. ಒಂದು ಅಮಾವಾಸ್ಯೆಯಿಂದ ಮುಂದಿನ ಅಮಾವಾಸ್ಯೆಗೆ ಸರಾಸರಿ 29.53 ದಿನ. ಹನ್ನೆರಡು ಸಲ ಆದರೆ 354 ದಿನ, ಸ್ವಲ್ಪ ಚಿಲ್ಲರೆ. ಋತುಗಳು ಒಂದು ಸುತ್ತು ಬರೋದಕ್ಕೆ 365 ದಿನ, ಅದಕ್ಕೂ ಸ್ವಲ್ಪ ಚಿಲ್ಲರೆ. ಮಧ್ಯೆ 11 ದಿನ ಉಳಿಯಿತು. ಸುಮ್ನೆ ಬಿಟ್ಟರೆ ಬೇವು ಹೂ ಬಿಡೋ ಹೊತ್ತಿನ ಯುಗಾದಿ ಹದಿನಾರು ಹದಿನೇಳು ವರ್ಷದಲ್ಲಿ ಜಾರಿ ಜಾರಿ ಸೆಪ್ಟೆಂಬರ್ ಮಳೆಗೆ ಹೋಗಿ ನಿಲ್ಲುತ್ತದೆ. ಹಾಗಾಗಬಾರದು ಅಂತ ಸುಮಾರು 32-33 ತಿಂಗಳಿಗೊಮ್ಮೆ ಒಂದು ತಿಂಗಳು ಹೆಚ್ಚಿಗೆ ಸೇರಿಸುತ್ತಾರೆ. 2023ರಲ್ಲಿ ಅಧಿಕ ಶ್ರಾವಣ ಇತ್ತು. 2026ಕ್ಕೆ ಅಧಿಕ ಜ್ಯೇಷ್ಠ. 19 ವರ್ಷಕ್ಕೆ ಇಂಥ ಏಳು ತಿಂಗಳು ಬಂದರೆ ಚಂದ್ರನೂ ಸೂರ್ಯನೂ ಹೆಚ್ಚು ಕಡಿಮೆ ರಾಜಿಯಾಗುತ್ತಾರೆ. ಪೂರ್ತಿ ರಾಜಿ ಯಾವತ್ತೂ ಆಗುವುದಿಲ್ಲ.

ನಾನು ಮೊದಲು ಮಾಡಿದ ಪಂಚಾಂಗ ಇದಕ್ಕಿಂತ ಸೊಗಸಾಗಿತ್ತು. ಆ ಲೋಕಕ್ಕೆ ಎರಡು ಚಂದ್ರ. ಒಂದು ನಮ್ಮ ಚಂದ್ರನಷ್ಟೇ ದೂರದಲ್ಲಿ, ಇನ್ನೊಂದು ಅದರ ಅರ್ಧ ದೂರದಲ್ಲಿ. ದೂರ ಅರ್ಧವಾದರೆ ಸುತ್ತುವ ಕಾಲ ಬರೀ ಅರ್ಧಕ್ಕೆ ನಿಲ್ಲುವುದಿಲ್ಲ, ಸುಮಾರು ಮೂರನೇ ಒಂದು ಭಾಗಕ್ಕೆ ಇಳಿಯುತ್ತದೆ. ಖಗೋಳ ವಿಜ್ಞಾನಿ ಕೆಪ್ಲರ್ ಕಂಡುಹಿಡಿದ ನಿಯಮ ಅದು. ಹಾಗಾಗಿ ಹತ್ತಿರದ ಚಂದ್ರ ಹತ್ತು ದಿನದೊಳಗೆ ಒಂದು ಸುತ್ತು ಮುಗಿಸುತ್ತದೆ. ಎರಡು ಚಂದ್ರರ ಹುಣ್ಣಿಮೆ ಒಂದೇ ರಾತ್ರಿ ಬಂದಾಗ ದೊಡ್ಡ ಹಬ್ಬ. ಮಧ್ಯ ಅಮೆರಿಕದ ಮಾಯಾ ಜನ 260 ದಿನದ ಒಂದು ಸುತ್ತು, 365 ದಿನದ ಒಂದು ಸುತ್ತು ಇಟ್ಟುಕೊಂಡಿದ್ದರು. ಎರಡೂ ಹೊರಟ ಜಾಗಕ್ಕೇ ಬಂದು ಕೂಡಬೇಕಾದರೆ 18,980 ದಿನ ಬೇಕು, ಅಂದರೆ 52 ವರ್ಷ. ಅದನ್ನು ಓದಿ ನನಗೆ ತಲೆ ತಿರುಗಿತ್ತು. ನನ್ನ ನಾಡಿಗೂ ಅಂಥದ್ದೊಂದು ಬೇಕು ಅನ್ನಿಸಿತ್ತು. ತಿಂಗಳಿಗೆ 28 ದಿನ, ವರ್ಷಕ್ಕೆ 13 ತಿಂಗಳು, ಒಂದೊಂದಕ್ಕೂ ಭಾರಿ ಹೆಸರು. ನಾಲ್ಕು ಹಾಳೆ ಅಂಟಿಸಿ ಬಣ್ಣ ಹಚ್ಚಿ ಗೋಡೆಗೆ ಹಾಕಿದ್ದೆ.

ಅಮ್ಮನಿಗೆ ಅದನ್ನು ಓದಿ ಹೇಳಿದೆ. ಅಮ್ಮ ಹಿಪ್ಪುನೇರಳೆ ಸೊಪ್ಪು ಕತ್ತರಿಸುತ್ತಾ ಕೂತಿದ್ದಳು. ಪೂರ್ತಿ ಕೇಳಿಸಿಕೊಂಡಳು. ಆಮೇಲೆ ಕೇಳಿದಳು: "ಅಲ್ಲಿ ಮಳೆ ಯಾವಾಗ?"

ನನ್ನ ಹತ್ತಿರ ಉತ್ತರ ಇರಲಿಲ್ಲ. ಎರಡು ಚಂದ್ರನ ಗತಿ ಗೊತ್ತಿತ್ತು, ಮಳೆ ಗೊತ್ತಿರಲಿಲ್ಲ. ಆ ಜನ ಏನು ಬೆಳೆಯುತ್ತಾರೆ, ಯಾವಾಗ ಮಾರುತ್ತಾರೆ, ಯಾರಿಗೆ ಯಾವತ್ತು ಸಾಲ ತೀರಿಸಬೇಕು ಅಂತ ಯೋಚನೆಯೇ ಮಾಡಿರಲಿಲ್ಲ. ಅವತ್ತು ಆ ಹಾಳೆ ಇಳಿಸಿದೆ.

ನಮ್ಮೂರು ಶಿಡ್ಲಘಟ್ಟದ ಕಡೆ. ಮನೆಯಲ್ಲಿ ರೇಷ್ಮೆ ಹುಳ ಸಾಕುತ್ತಿದ್ದೆವು. ನಿಮ್ಮಲ್ಲಿ ಅರ್ಧ ಜನಕ್ಕೆ ಇದು ಹೊಸದಲ್ಲ, ಆದರೂ ಹೇಳುತ್ತೇನೆ. ಯಾಕೆಂದರೆ ಇಲ್ಲದ ನಾಡಿನ ಪಂಚಾಂಗ ನನಗೆ ಸಿಕ್ಕಿದ್ದು ಹುಳದ ಮನೆಯ ಬಾಗಿಲ ಮೇಲೆ.

ಆ ಬಾಗಿಲ ಹಿಂದೆ ಅಪ್ಪ ಸೀಮೆಸುಣ್ಣದಲ್ಲಿ ಗೆರೆ ಎಳೆಯುತ್ತಿದ್ದರು. ಮೊಟ್ಟೆ ಒಡೆದ ದಿನ ಒಂದು ಸೊನ್ನೆ. ಆಮೇಲೆ ದಿನಕ್ಕೊಂದು ಗೆರೆ. ಹುಳ ಜ್ವರಕ್ಕೆ ಕೂತ ದಿನ ಅಡ್ಡ ಗೆರೆ. ರೇಷ್ಮೆ ಹುಳ ಬೆಳೆಯುತ್ತಾ ನಾಲ್ಕು ಸಲ ಪೊರೆ ಬಿಡುತ್ತದೆ. ಅದಕ್ಕೆ ನಮ್ಮ ಕಡೆ ಜ್ವರ ಅಂತಾರೆ. ಹುಳ ತಿನ್ನೋದು ನಿಲ್ಲಿಸುತ್ತದೆ. ತಲೆ ಎತ್ತಿಕೊಂಡು ಅಲುಗದೆ ಕೂರುತ್ತದೆ, ಪ್ರಾರ್ಥನೆಗೆ ಕೂತ ಹಾಗೆ. ಆಗ ಸೊಪ್ಪು ಹಾಕಬಾರದು. ಹಾಸಿಗೆ ಒಣಗಿರಲಿ ಅಂತ ಮೇಲೆ ಸುಣ್ಣದ ಪುಡಿ ಉದುರಿಸುತ್ತಾರೆ. ಒಂದು ದಿನ ಆಚೆ ಈಚೆ ಆದ ಮೇಲೆ ಹಳೇ ಚರ್ಮ ಕಳಚಿ ಎದ್ದು ಸೊಪ್ಪಿಗೆ ತಡಕಾಡುತ್ತದೆ. ಎಲ್ಲವೂ ಏಳೋ ತನಕ ಕಾಯಬೇಕು. ಅವಸರದಲ್ಲಿ ಮೇವು ಕೊಟ್ಟರೆ ಮೊದಲು ಎದ್ದದ್ದು ದಪ್ಪ, ಆಮೇಲೆ ಎದ್ದದ್ದು ಸಣ್ಣ ಆಗಿ ಇಡೀ ಬೆಳೆ ಏರುಪೇರು.

ನಾಲ್ಕನೇ ಜ್ವರ ಎದ್ದ ಮೇಲೆ ಮನೆ ಮನೆಯಾಗಿರುವುದಿಲ್ಲ. ಒಂದು ಬೆಳೆಯ ಸೊಪ್ಪಿನಲ್ಲಿ ಬಹುಪಾಲು, ಐದರಲ್ಲಿ ನಾಲ್ಕು ಭಾಗಕ್ಕೂ ಜಾಸ್ತಿ, ಆ ಕೊನೆಯ ಏಳು ದಿನದಲ್ಲೇ ಮುಗಿಯುತ್ತದೆ. ರಾತ್ರಿ ಎದ್ದು ಹಾಕಬೇಕು. ಆ ಹೊತ್ತಿಗೆ ಹುಳದ ಮನೆ ಬಾಗಿಲಲ್ಲಿ ನಿಂತರೆ ಒಳಗೆ ಸೋನೆ ಮಳೆ ಹಿಡಿದ ಸದ್ದು. ಲಕ್ಷಾಂತರ ಬಾಯಿ ಸೊಪ್ಪು ಕಡಿಯುವ ಸದ್ದು ಅದು. ಹೊರಗೆ ಕೆರೆ ಒಣಗಿ ಬಿರುಕು ಬಿಟ್ಟಿರುತ್ತಿತ್ತು. ಒಳಗೆ ಮಳೆ ಸುರಿಯುತ್ತಿತ್ತು. ಚಿಕ್ಕವನಾಗಿದ್ದಾಗ ಅದನ್ನು ಕೇಳುತ್ತಾ ನಿದ್ದೆ ಹೋಗುತ್ತಿದ್ದೆ.

ಆಮೇಲೆ ಹುಳ ಹಣ್ಣಾಗುತ್ತದೆ, ಮೈ ಹೊಳೆಯುತ್ತದೆ. ಅದನ್ನು ಆರಿಸಿ ಚಂದ್ರಿಕೆಗೆ ಬಿಡಬೇಕು. ಬಿದಿರ ತಟ್ಟಿಯ ಮೇಲೆ ಸುತ್ತು ಸುತ್ತಾಗಿ ಪಟ್ಟಿ ಹೊಲಿದಿರುತ್ತಾರಲ್ಲ, ಅದೇ ಚಂದ್ರಿಕೆ. ಈಗ ಪ್ಲಾಸ್ಟಿಕ್ ನೇತ್ರಿಕೆ ಬಂದಿದೆ. ಚಂದ್ರಿಕೆ ಅನ್ನೋ ಹೆಸರು ಯಾರು ಇಟ್ಟರೋ, ಅವರಿಗೆ ನಾನು ಮನಸಲ್ಲೇ ಕೈ ಮುಗಿಯುತ್ತೇನೆ. ಐದಾರು ದಿನಕ್ಕೆ ಗೂಡು ಬಿಡಿಸಿ ಮಾರುಕಟ್ಟೆಗೆ ಹೊರಡಬೇಕು. ತಡಮಾಡಿದರೆ ಒಳಗಿನ ಪತಂಗ ಗೂಡು ತೂತು ಮಾಡಿಕೊಂಡು ಹೊರಗೆ ಬರುತ್ತದೆ. ತೂತು ಬಿದ್ದ ಗೂಡಿನಿಂದ ಒಂದೇ ಎಳೆಯಾಗಿ ನೂಲು ಬಿಚ್ಚೋಕೆ ಆಗುವುದಿಲ್ಲ.

ನಮ್ಮ ಮನೆಯಲ್ಲಿ ತಾರೀಖು ಯಾರಿಗೂ ಬೇಕಿರಲಿಲ್ಲ. "ಅತ್ತೆ ಮನೆ ಗೃಹಪ್ರವೇಶ ಯಾವಾಗ?" "ಮೂರನೇ ಜ್ವರಕ್ಕೆ ಬೀಳುತ್ತೆ, ಹೋಗಿ ಬರಬಹುದು." "ದೊಡ್ಡಪ್ಪನ ಮಗಳ ಮದುವೆ?" "ಅಯ್ಯೋ, ನಾಲ್ಕು ಎದ್ದಿರುತ್ತೆ, ಒಬ್ಬರು ಹೋಗಿ ಅಕ್ಷತೆ ಹಾಕಿ ಬನ್ನಿ." ಇದನ್ನು ಸಾವಿರ ಸಲ ಕೇಳಿದ್ದೇನೆ. ಇದು ಒಂದು ಪಂಚಾಂಗ ಅಂತ ನನಗೆ ಹೊಳೆಯಲು ಅಮ್ಮನ ಆ ಒಂದು ಪ್ರಶ್ನೆ ಬೇಕಾಯಿತು.

ಈಗ ನನ್ನ ನಾಡಿಗೆ ಬರುತ್ತೇನೆ. ಹೆಸರು ನೂಲುಸೀಮೆ. ನದಿ ಇಲ್ಲದ ಎತ್ತರದ ಬಯಲು. ಅಲ್ಲಿನ ಜನ ಸಾಕುವ ಹುಳ ನಮ್ಮ ರೇಷ್ಮೆ ಹುಳಕ್ಕೆ ದೊಡ್ಡಪ್ಪನ ಮಗ ಇದ್ದ ಹಾಗೆ. ಅಲ್ಲಿ ತಿಂಗಳಿಗೆ ಗೂಡು ಅಂತಾರೆ. ಒಂದು ಗೂಡಿಗೆ 32 ದಿನ. ಒಳಗೆ ವಾರ ಇಲ್ಲ, ಮೇವು ಇದೆ. ಮೊದಲ ಮೇವು 3 ದಿನ, ಎರಡನೆಯದು 2, ಮೂರನೆಯದು 3, ನಾಲ್ಕನೆಯದು 4, ದೊಡ್ಡ ಮೇವು 7. ಒಂದೊಂದರ ನಡುವೆ ಒಂದು ಜ್ವರದ ದಿನ, ಅಂದರೆ ನಾಲ್ಕು. ಅಲ್ಲಿಗೆ 23. ಆಮೇಲೆ ಚಂದ್ರಿಕೆ 5 ದಿನ, ಬಿಡಿಸುವ ದಿನ 1, ಖಾಲಿ ಮನೆ 3 ದಿನ. ಖಾಲಿ ಮನೆ ದಿನಗಳಲ್ಲಿ ತೊಳೆಯುತ್ತಾರೆ, ಸುಣ್ಣ ಬಳಿಯುತ್ತಾರೆ, ಮದುವೆ ಮಾಡುತ್ತಾರೆ, ಜಗಳ ಬಗೆಹರಿಸುತ್ತಾರೆ.

ವಾರಕ್ಕೆ ಏಳೇ ದಿನ ಇರಬೇಕು ಅಂತ ಯಾವ ಕಾನೂನೂ ಇಲ್ಲ. ಹಳೇ ರೋಮ್‌ನಲ್ಲಿ ಸಂತೆ ಎಂಟು ದಿನಕ್ಕೊಮ್ಮೆ ಬರುತ್ತಿತ್ತು. ಜಾವಾದಲ್ಲಿ ಐದು ದಿನದ ಸಂತೆ ಚಕ್ರ ಇವತ್ತಿಗೂ ಇದೆ. ನೈಜೀರಿಯಾದ ಇಗ್ಬೋ ಜನರದು ನಾಲ್ಕೇ ದಿನ. ಆದರೆ ಇವೆಲ್ಲ ಒಂದೇ ಅಳತೆಯ ತುಂಡುಗಳು. ನೂಲುಸೀಮೆಯ ವಾರ ಹೋಗ್ತಾ ಹೋಗ್ತಾ ಉದ್ದವಾಗುತ್ತದೆ, ಕೆಲಸವೂ ಹಾಗೇ ಏರುತ್ತದೆ. ಅಲ್ಲಿನವರ ಮೈಯಲ್ಲೇ ತಿಂಗಳ ಏರಿಳಿತ ಇದೆ. ಮೊದಲ ಮೇವಿನಲ್ಲಿ ಹಾಡು ಹೇಳುತ್ತಾರೆ. ದೊಡ್ಡ ಮೇವಿನಲ್ಲಿ ಯಾರೂ ಯಾರನ್ನೂ ಮಾತಾಡಿಸುವುದಿಲ್ಲ.

ಹನ್ನೊಂದು ಗೂಡು ಸೇರಿದರೆ 352 ದಿನ. ಸೂರ್ಯ ನಮ್ಮವನೇ, 365 ದಿನ. 13 ಉಳಿಯಿತು. ಹನ್ನೊಂದನೇ ಗೂಡು ಮುಗಿಯೋ ಹೊತ್ತಿಗೆ ಗಿಡದಲ್ಲಿ ಎಲೆ ಇರುವುದಿಲ್ಲ. ಹೊಸ ಚಿಗುರಿಗೆ ಮಳೆ ಬೇಕು. ಹಾಗಾಗಿ ಆ ದಿನಗಳು ಯಾವ ತಿಂಗಳಿಗೂ ಸೇರುವುದಿಲ್ಲ. ಅವಕ್ಕೆ ಕಾಯೋ ದಿನ ಅಂತ ಹೆಸರು. ಮೊದಲ ಮಳೆ ಬಿದ್ದ ಮಾರನೇ ದಿನ ಹೊಸ ವರ್ಷ. ಒಳ್ಳೇ ಕಾಲದಲ್ಲಿ ಹದಿಮೂರು ದಿನ ಕಾಯುತ್ತಾರೆ. ಕೆಟ್ಟ ಕಾಲದಲ್ಲಿ ಮೂವತ್ತು, ನಲವತ್ತು. ಪದ್ಧತಿ ಏನೆಂದರೆ, ಕಾಯೋ ದಿನಕ್ಕೆ ಬಡ್ಡಿ ಇಲ್ಲ.

ಗಾದೆಗಳು ಇಲ್ಲಿಂದ ಹುಟ್ಟತೊಡಗಿದವು, ನಾನು ಕೂತು ಹೊಸೆಯಬೇಕಾಗಲಿಲ್ಲ. ಅವಸರ ಮಾಡುವವನಿಗೆ ಅಲ್ಲಿ "ಜ್ವರ ಏಳೋ ಮೊದಲೇ ಸೊಪ್ಪು ಹಾಕಬೇಡ" ಅಂತಾರೆ. ಸಿಡಿಮಿಡಿ ಅನ್ನುವವನ ಬಗ್ಗೆ "ದೊಡ್ಡ ಮೇವಿನಲ್ಲಿ ಹುಟ್ಟಿದವನು." ಕೊಟ್ಟ ಮಾತು ತಪ್ಪಿಸಿಕೊಂಡು ಓಡಾಡುವವನ ಬಗ್ಗೆ "ಅವನಿಗೆ ವರ್ಷಪೂರ್ತಿ ಕಾಯೋ ದಿನ." ಇದು ಬಂದ ಮೇಲೆ ನನಗೆ ಧೈರ್ಯ ಬಂತು.

ಆದರೆ ಒಂದು ಊರಿನ ಪಂಚಾಂಗ ಒಂದೇ ಇರುವುದಿಲ್ಲ. ನೂಲುಸೀಮೆಯ ರಾಜಧಾನಿಯಲ್ಲಿ ಗಂಟಿನ ಹಗ್ಗ ಇದೆ. ಅರಮನೆಯ ಎಣಿಕೆಯವಳು ದಿನಕ್ಕೊಂದು ಗಂಟು ಹಾಕುತ್ತಾಳೆ. 365 ಗಂಟಾದರೆ ಹೊಸ ಹಗ್ಗ, ಮಳೆ ಬರಲಿ ಬಿಡಲಿ. ಕಂದಾಯ ಕಟ್ಟುವ ದಿನ 352ನೇ ಗಂಟು. ಯಾವ ವರ್ಷ ಮಳೆ ತಡವಾಗುತ್ತದೋ, ಆ ವರ್ಷ 352ನೇ ಗಂಟು ಬೀಳುವ ಹೊತ್ತಿಗೆ ಹುಳದ ಮನೆಯಲ್ಲಿ ದೊಡ್ಡ ಮೇವು ನಡೆಯುತ್ತಿರುತ್ತದೆ. ಮನೆ ತುಂಬ ಹಸಿದ ಬಾಯಿ, ಮಾರೋಕೆ ಒಂದು ಗೂಡೂ ಇಲ್ಲ.

ಇದು ನಾನು ಊಹಿಸಿಕೊಂಡದ್ದಲ್ಲ. ಒಂದು ವರ್ಷ ನಮ್ಮ ಮನೆ ಸಾಲದ ಕಂತಿನ ಕೊನೇ ದಿನ ನಾಲ್ಕನೇ ಜ್ವರ ಎದ್ದ ಎರಡನೇ ದಿನಕ್ಕೆ ಬಂದು ಕೂತಿತು. ಸಾಲ ಕೊಟ್ಟವರಿಗೆ ಕ್ಯಾಲೆಂಡರು ಗೊತ್ತು, ಜ್ವರ ಗೊತ್ತಿಲ್ಲ. ಅಪ್ಪ ಹೋಗಿ ಕೇಳಿಕೊಂಡರು. ಹನ್ನೊಂದು ದಿನ ಕೊಡಿ, ಗೂಡು ಬಿಡಿಸಿ ಮಾರಿ ಬಂದ ದುಡ್ಡು ನೇರ ಇಲ್ಲಿಗೇ ತರುತ್ತೇನೆ ಅಂದರು. ಆಗಲಿಲ್ಲ. ಹನ್ನೊಂದು ದಿನಕ್ಕೆ ಊರಲ್ಲಿ ಕೈಸಾಲ ತಂದು ಕಟ್ಟಿದರು. ಆ ಬಡ್ಡಿ ನಮ್ಮನ್ನು ಬಹಳ ದಿನ ಹಿಂಡಿತು. ಚಂದ್ರನ ವರ್ಷಕ್ಕೂ ಸೂರ್ಯನ ವರ್ಷಕ್ಕೂ ಇರುವ ಅಂತರ 11 ದಿನ ಅಂತ ಆಮೇಲೆ ಪುಸ್ತಕದಲ್ಲಿ ಓದಿದಾಗ ನನಗೆ ನೆನಪಾದದ್ದು ಅಪ್ಪನ ಮುಖ.

ರಾಜರಿಗೂ ಈ ತೊಂದರೆ ಗೊತ್ತಿತ್ತು. ಮುಸಲ್ಮಾನರ ಹಿಜರಿ ವರ್ಷ ಪೂರ್ತಿ ಚಂದ್ರನದು, ಅದಕ್ಕೆ ಅಧಿಕ ಮಾಸ ಇಲ್ಲ. ಕಂದಾಯವನ್ನು ಆ ಲೆಕ್ಕದಲ್ಲಿ ಕೇಳಿದರೆ ಪ್ರತಿ ವರ್ಷ 11 ದಿನ ಮುಂಚೆ ಕೇಳಿದ ಹಾಗೆ. ಕೆಲವು ವರ್ಷದಲ್ಲಿ ಅದು ಸುಗ್ಗಿ ಬಿಟ್ಟು ಬಿತ್ತನೆಗೆ ಬಂದು ನಿಲ್ಲುತ್ತದೆ. ಅಕ್ಬರನ ಕಾಲದಲ್ಲಿ ಅದಕ್ಕೇ ಫಸಲಿ ವರ್ಷ ತಂದರು. ಫಸಲು ಅಂದರೆ ಬೆಳೆ. ಬೆಳೆಗೆ ತಕ್ಕ ವರ್ಷ. ಹಳೇ ಕಂದಾಯದ ಕಾಗದಗಳಲ್ಲಿ ಫಸಲಿ ಅನ್ನೋ ಪದ ಇವತ್ತಿಗೂ ಸಿಗುತ್ತದೆ.

ಇನ್ನು ನಮ್ಮ ಪಕ್ಕದಲ್ಲೇ ನಂದಿ ಬೆಟ್ಟ ಇದೆ. ಅಲ್ಲಿ ಕೋಟೆ ಬಲಪಡಿಸಿದವರು ಹೈದರ್ ಅಲಿ ಮತ್ತು ಟಿಪ್ಪು. ಹೈದರ್ ಹುಟ್ಟಿದ್ದು ಕೋಲಾರ ಜಿಲ್ಲೆಯ ಬೂದಿಕೋಟೆಯಲ್ಲಿ, ಟಿಪ್ಪು ದೇವನಹಳ್ಳಿಯಲ್ಲಿ. 1791ರ ಅಕ್ಟೋಬರಿನಲ್ಲಿ ಕಾರ್ನ್‌ವಾಲಿಸನ ಸೈನ್ಯ ಆ ಕೋಟೆ ಹಿಡಿಯಿತು ಅನ್ನೋದನ್ನು ಶಾಲೆಯಲ್ಲಿ ಓದಿರಬಹುದು. ಟಿಪ್ಪು ಒಂದು ಹೊಸ ಪಂಚಾಂಗವನ್ನೇ ಕಟ್ಟಿದ್ದ ಅನ್ನೋದು ಎಷ್ಟು ಜನಕ್ಕೆ ಗೊತ್ತು? ಕಲ್ಪನೆಯ ಲೋಕ ಕಟ್ಟುವವರು ಇದನ್ನು ಗಮನವಿಟ್ಟು ನೋಡಬೇಕು. ತಿಂಗಳ ಹೆಸರು ಹೀಗಿದ್ದವು: ಅಹ್ಮದಿ, ಬಹಾರಿ, ಜಾಫರಿ, ದಾರಾಯಿ, ಹಾಶಿಮಿ. ಅರಬ್ಬಿಯಲ್ಲಿ ಅಕ್ಷರಕ್ಕೆ ಒಂದೊಂದು ಸಂಖ್ಯೆ ಇದೆ, ಅಲಿಫ್ ಅಂದರೆ ಒಂದು, ಬೇ ಅಂದರೆ ಎರಡು, ಜೀಮ್ ಅಂದರೆ ಮೂರು. ಹಾಗಾಗಿ ಹತ್ತನೇ ತಿಂಗಳ ತನಕ ಹೆಸರಿನ ಮೊದಲ ಅಕ್ಷರ ನೋಡಿದರೆ ಅದು ಎಷ್ಟನೇ ತಿಂಗಳು ಅಂತ ತಿಳಿಯುತ್ತದೆ. ಎಷ್ಟು ಜಾಣತನದ ಕೆಲಸ, ಅಲ್ವಾ? ಆದರೆ ಒಳಗಿನ ಚೌಕಟ್ಟು ನಮ್ಮ ಚಾಂದ್ರಮಾನದ್ದೇ. ಅದೇ ಅಧಿಕ ಮಾಸ, ಅದೇ ಅರವತ್ತು ವರ್ಷದ ಸುತ್ತು, ಆ ವರ್ಷಗಳಿಗೂ ಹೊಸ ಹೆಸರು. ಶಕೆಯನ್ನೂ, ಅಂದರೆ ವರ್ಷ ಎಣಿಸುವ ಲೆಕ್ಕವನ್ನೂ, ಬದಲಿಸಿದ. 1787ರ ಹೊತ್ತಿಗೆ ನಾಣ್ಯದ ಮೇಲೆ ಹಿಜರಿ ಹೋಗಿ ಮೌಲೂದಿ ಶಕೆ ಬಂತು, ಎಣಿಕೆ 1215ಕ್ಕೆ ಜಿಗಿಯಿತು.

1799ರಲ್ಲಿ ಅವನು ಸತ್ತ ಮೇಲೆ ಆ ತಿಂಗಳುಗಳೂ ಹೋದವು. ಆದರೆ ಮೈಸೂರು ಸೀಮೆಗೆ ರೇಷ್ಮೆ ಹುಳ ತರಿಸಿ ಬೆಳೆಸಿದವನೂ ಅದೇ ಟಿಪ್ಪು. ಅಹ್ಮದಿ, ಬಹಾರಿ ಈಗ ಯಾರ ಬಾಯಲ್ಲೂ ಇಲ್ಲ. ಒಂದನೇ ಜ್ವರ, ಎರಡನೇ ಜ್ವರ ಶಿಡ್ಲಘಟ್ಟದ ಮನೆ ಮನೆಯಲ್ಲಿ ಇದೆ.

ಮೇಲಿನಿಂದ ಇಳಿಸಿದ ಪಂಚಾಂಗಗಳ ಕತೆ ಬೇರೆ ಕಡೆಯೂ ಹೀಗೇ ಇದೆ. ಫ್ರಾನ್ಸಿನ ಕ್ರಾಂತಿಕಾರರು 1793ರಲ್ಲಿ ಹತ್ತು ದಿನದ ವಾರ ತಂದರು. ತಿಂಗಳಿಗೆ ಮಂಜು, ಹಿಮ, ಕೊಯ್ಲು ಅಂತ ಚೆಂದದ ಹೆಸರು ಇಟ್ಟರು. ಏಳು ದಿನಕ್ಕೆ ಸಿಗುತ್ತಿದ್ದ ರಜೆ ಹತ್ತು ದಿನಕ್ಕೆ ಹೋಯಿತು. 1806ರ ಜನವರಿ 1ಕ್ಕೆ ಅದು ಮುಗಿಯಿತು. ಸೋವಿಯತ್ ರಷ್ಯಾದಲ್ಲಿ 1929ರಲ್ಲಿ ಐದು ದಿನದ ವಾರ ಮಾಡಿ ಕೆಲಸಗಾರರಿಗೆ ಬೇರೆ ಬೇರೆ ದಿನ ರಜೆ ಕೊಟ್ಟರು. ಗಂಡನಿಗೆ ಒಂದು ದಿನ, ಹೆಂಡತಿಗೆ ಇನ್ನೊಂದು ದಿನ. 1940ಕ್ಕೆ ಏಳು ದಿನದ ವಾರ ತಿರುಗಿ ಬಂತು. ನಮ್ಮ ದೇಶದಲ್ಲಿ ವಿಜ್ಞಾನಿ ಮೇಘನಾದ ಸಹಾ ಅವರ ಸಮಿತಿ ಬಹಳ ಶ್ರದ್ಧೆಯಿಂದ ರಾಷ್ಟ್ರೀಯ ಪಂಚಾಂಗ ರೂಪಿಸಿತು. ಅದು 1957ರ ಮಾರ್ಚ್ 22ರಿಂದ, ಶಕ 1879ರ ಚೈತ್ರ 1ರಿಂದ ಜಾರಿಯಲ್ಲಿದೆ. ಸರ್ಕಾರದ ರಾಜಪತ್ರದ ಮೇಲೆ ಆ ತಾರೀಖು ಇರುತ್ತದೆ. ವಿಜ್ಞಾನದ ಲೆಕ್ಕದಲ್ಲಿ ಅದಕ್ಕೆ ಹೆಸರಿಡೋ ಹಾಗಿಲ್ಲ. ಆದರೆ ಆ ಲೆಕ್ಕದಲ್ಲಿ ಇವತ್ತು ಎಷ್ಟನೇ ತಾರೀಖು ಅಂತ ಈ ಕೋಣೆಯಲ್ಲಿ ಹೇಳಬಲ್ಲವರು ಯಾರಿದ್ದೀರಿ? (ಯಾರೂ ಕೈ ಎತ್ತಲಿಲ್ಲ.) ಈಗ ಯಾವ ಮಳೆ ನಡೀತಿದೆ ಅಂತ ಕೇಳಿದರೆ? (ಹಿಂದಿನ ಸಾಲಿನಿಂದ ಮೂರು ಜನ ಒಟ್ಟಿಗೆ ಹೇಳಿದರು.)

ನೋಡಿ, ಇದು ಇನ್ನೊಂದು ಪಂಚಾಂಗ. ಸೂರ್ಯ ಒಂದು ನಕ್ಷತ್ರದಲ್ಲಿ ಇರುವ ಹದಿಮೂರು ಹದಿನಾಲ್ಕು ದಿನಕ್ಕೆ ಒಂದು ಮಳೆ. ಅಶ್ವಿನಿ, ಭರಣಿ, ಕೃತ್ತಿಕೆ, ರೋಹಿಣಿ, ಮೃಗಶಿರ, ಆರಿದ್ರ. ಆಕಾಶದ ಹೆಸರನ್ನು ಕೆಳಗಿಳಿಸಿ ಮಳೆಗೆ ಕೊಟ್ಟಿದ್ದಾರೆ. "ಭರಣಿ ಮಳೆ ಬಂದರೆ ಧರಣಿಯೆಲ್ಲ ಬೆಳೆ." ಹೊಲದಲ್ಲಿ ನಿಂತವನಿಗೆ ಯಾವ ಮಳೆಗೆ ಏನು ಬಿತ್ತಬೇಕು ಅಂತ ಗೊತ್ತಿದ್ದರೆ ಸಾಕು.

ವರ್ಷಕ್ಕೆ ಹೆಸರಿಡುವ ನಮ್ಮ ಪದ್ಧತಿಯ ಬಗ್ಗೆಯೂ ಹೇಳಬೇಕು. ಪ್ರಭವದಿಂದ ಅಕ್ಷಯದ ತನಕ ಅರವತ್ತು ಸಂವತ್ಸರ. ಗುರು ಸುಮಾರು 12 ವರ್ಷಕ್ಕೆ ಒಂದು ಸುತ್ತು, ಶನಿ ಸುಮಾರು 30ಕ್ಕೆ. ಅರವತ್ತಕ್ಕೆ ಇಬ್ಬರೂ ಹತ್ತಿರ ಹತ್ತಿರ ಮೊದಲಿದ್ದ ಜಾಗಕ್ಕೆ ಬರುತ್ತಾರೆ. ಸಂಖ್ಯೆ ಮುಂದೆ ಹೋಗುತ್ತದೆ, ಹೆಸರು ತಿರುಗಿ ಬರುತ್ತದೆ. 1876ರಿಂದ 1878ರ ತನಕ ದಕ್ಷಿಣ ಭಾರತವನ್ನು ಒಣಗಿಸಿದ ಬರ ಧಾತು, ಈಶ್ವರ ಸಂವತ್ಸರದಲ್ಲಿ ಬಂದದ್ದು. 1871ರ ಗಣತಿಯಲ್ಲಿ 50 ಲಕ್ಷ ದಾಟಿದ್ದ ಮೈಸೂರು ಸಂಸ್ಥಾನದ ಜನ 1881ಕ್ಕೆ ಸುಮಾರು 42 ಲಕ್ಷಕ್ಕೆ ಇಳಿದಿದ್ದರು. ಅದಕ್ಕೇ ಅದು ಧಾತು ಈಶ್ವರದ ಬರ. ಈಗ ಯೋಚನೆ ಮಾಡಿ. 1936ರಲ್ಲಿ ಧಾತು ಮತ್ತೆ ಬಂದಾಗ, ಹಳೇ ಬರದಲ್ಲಿ ಮಗುವಾಗಿ ಉಳಿದುಕೊಂಡಿದ್ದ ಒಬ್ಬ ಮುದುಕಿ ಯುಗಾದಿ ದಿನ ಪಂಚಾಂಗ ಶ್ರವಣಕ್ಕೆ ಕೂತಿದ್ದಾಳೆ. ಆ ಹೆಸರು ಓದಿದಾಗ ಅವಳಿಗೆ ಏನಾಗಿರಬೇಕು? 1876 ಅನ್ನೋ ಸಂಖ್ಯೆ ತಿರುಗಿ ಬರುವುದಿಲ್ಲ. ಧಾತು ಬರುತ್ತದೆ.

ನೂಲುಸೀಮೆಯಲ್ಲೂ ವರ್ಷಕ್ಕೆ ಸಂಖ್ಯೆ ಇಲ್ಲ. ಎಷ್ಟು ದಿನ ಕಾದರೋ ಅದೇ ಆ ವರ್ಷದ ಹೆಸರು. ಹದಿಮೂರರ ವರ್ಷ, ಇಪ್ಪತ್ತರ ವರ್ಷ. "ನೀನು ಯಾವ ವರ್ಷದವಳು?" "ನಲವತ್ತರವಳು." ಕೇಳಿದವರು ಮುಂದೆ ಮಾತಾಡದೆ ಅವಳ ತಟ್ಟೆಗೆ ಇನ್ನೊಂದು ಮುದ್ದೆ ಇಡುತ್ತಾರೆ. ನನ್ನ ಕತೆಯ ಹುಡುಗಿ ನಲವತ್ತರ ವರ್ಷದವಳು. ಅರಮನೆಯ ಗುಮಾಸ್ತ ಕಾಯೋ ದಿನಗಳನ್ನೂ ಹಗ್ಗದ ಲೆಕ್ಕಕ್ಕೆ ಸೇರಿಸಬೇಕು ಅಂತ ಓಲೆ ತರುತ್ತಾನೆ. ಸೇರಿಸಿದರೆ ಆ ದಿನಗಳಿಗೂ ಬಡ್ಡಿ ಓಡುತ್ತದೆ. ಅವಳ ವರ್ಷಕ್ಕೆ ಹೆಸರೇ ಇಲ್ಲದ ಹಾಗಾಗುತ್ತದೆ. ಕತೆ ಅಲ್ಲಿಂದ ನಡೆಯುತ್ತದೆ.

ಬರೆಯುವಾಗ ಒಂದು ಮಾತು ನೆನಪಿಡಿ. ಪಂಚಾಂಗವನ್ನು ಕತೆಯ ಮೊದಲ ಪುಟದಲ್ಲಿ ಕೋಷ್ಟಕ ಮಾಡಿ ಹಾಕಬೇಡಿ. ನಮ್ಮ ಊರಿಗೆ ಹೊಸದಾಗಿ ಬಂದವರಿಗೆ ಯಾರೂ ಪಂಚಾಂಗ ವಿವರಿಸುವುದಿಲ್ಲ. ಅವರೇ ಕಲಿಯುತ್ತಾರೆ. ಅವರೆಕಾಯಿ ಸೊಗಡು ಬೀದಿಗೆ ಬಂತು ಅಂದರೆ ಚಳಿ ಬಂತು. ಶಿವರಾತ್ರಿಗೆ ನಂದಿಯ ತೇರು ಎಳೆದರೆ ಚಳಿ ಶಿವ ಶಿವಾ ಅಂತ ಹೊರಟಿತು. ಯುಗಾದಿ ಮಾರನೇ ದಿನ ಹೊಸತೊಡಕಿನ ಅಡುಗೆ ವಾಸನೆ ಬಂತು, ಸಂಜೆ ಎಲ್ಲರೂ ಚಂದ್ರ ಕಾಣ್ತಾನಾ ಅಂತ ಪಡುವಣಕ್ಕೆ ಕತ್ತು ಎತ್ತಿ ನಿಂತರು. ಓದುವವರನ್ನೂ ಹಾಗೇ ಊರೊಳಗೆ ಬಿಡಿ.

ಹಾಗೇ ನಿಮ್ಮ ಪಂಚಾಂಗ ಹಳೆಯದಾಗಲಿ, ಸ್ವಲ್ಪ ತಪ್ಪಲಿ. ಸಂಕ್ರಾಂತಿಯನ್ನು ನಾವು ಉತ್ತರಾಯಣದ ಹಬ್ಬ ಅಂತೀವಿ. ಸೂರ್ಯ ನಿಜವಾಗಿ ಉತ್ತರಕ್ಕೆ ತಿರುಗೋದು ಡಿಸೆಂಬರ್ 21-22ಕ್ಕೆ. ನಕ್ಷತ್ರ ಹಿಡಿದು ಎಣಿಸುವ ವರ್ಷ, ಋತು ಹಿಡಿದು ಎಣಿಸುವ ವರ್ಷಕ್ಕಿಂತ ಸುಮಾರು 20 ನಿಮಿಷ ಉದ್ದ. ಎಪ್ಪತ್ತು ಚಿಲ್ಲರೆ ವರ್ಷಕ್ಕೆ ಒಂದು ದಿನ ಜಾರುತ್ತದೆ. ಹಾಗೆ ಜಾರಿ ಜಾರಿ ಜನವರಿ 14-15ಕ್ಕೆ ಬಂದಿದೆ. ಆ ಜಾರಿದ ದಿನಗಳಲ್ಲಿ ಎಷ್ಟೋ ತಲೆಮಾರು ಎಳ್ಳು ಬೆಲ್ಲ ಹಂಚಿವೆ.

ಮಾತು ಮುಗಿದ ಮೇಲೆ ಬಾಗೇಪಲ್ಲಿ ಕಡೆಯ ಒಬ್ಬ ಹುಡುಗಿ ಕೇಳಿದಳು: ಕಾಯೋ ದಿನದಲ್ಲಿ ಹುಟ್ಟಿದವರಿಗೆ ಹುಟ್ಟುಹಬ್ಬ ಇದೆಯಾ? ಇದೆ, ಆದರೆ ಪ್ರತಿ ವರ್ಷ ಬರುವುದಿಲ್ಲ ಅಂದೆ. ಮೂವತ್ತನೇ ಕಾಯೋ ದಿನ ಹುಟ್ಟಿದವಳಿಗೆ ಮತ್ತೆ ಹುಟ್ಟುಹಬ್ಬ ಬರಬೇಕಾದರೆ ಊರಿಗೆಲ್ಲ ಅಷ್ಟು ಕೆಟ್ಟ ಕಾಲ ಬರಬೇಕು. ಅವಳು ಬರೆದುಕೊಂಡಳು.

ಆಮೇಲೆ ಹಿಂದಿನ ಸಾಲಿನಿಂದ ಒಬ್ಬ ಹಿರಿಯರು ಎದ್ದರು. ನಲವತ್ತು ವರ್ಷ ಹುಳ ಸಾಕಿದವರಂತೆ. "ಎಲ್ಲ ಸರಿ. ಆದರೆ ಹನ್ನೊಂದು ಗೂಡಿಗೂ ಮೂವತ್ತೆರಡೇ ದಿನ ಇಟ್ಟಿದ್ದೀಯಲ್ಲ. ಮಾಗೀಲಿ ಹುಳ ನಿಧಾನ ಅಲ್ವೇನಪ್ಪಾ? ಚಳಿಗೆ ಜ್ವರ ಬೇಗ ಏಳಲ್ಲ. ಮೇವೂ ಎಳೆಯುತ್ತೆ. ನಿಮ್ಮಪ್ಪನ್ನ ಕೇಳಿದ್ದರೆ ಹೇಳ್ತಿದ್ದರು."

ಅವರು ಹೇಳಿದ್ದು ನಿಜ. ಚಳಿಗಾಲದಲ್ಲಿ ಅಪ್ಪ ಹುಳದ ಮನೆಯಲ್ಲಿ ಕೆಂಡದ ಒಲೆ ಇಡುತ್ತಿದ್ದದ್ದು ನನಗೆ ಚೆನ್ನಾಗಿ ನೆನಪಿದೆ.

ಮನೆಗೆ ಬಂದು ತಿದ್ದಿದೆ. ಮಾಗಿಯ ಎರಡು ಗೂಡಿಗೆ ಈಗ 34 ದಿನ. ಹನ್ನೊಂದು ಗೂಡು ಸೇರಿ 352 ಇದ್ದದ್ದು 356 ಆಯಿತು. ಒಳ್ಳೇ ವರ್ಷದಲ್ಲಿ ಕಾಯೋ ದಿನ 13 ಅಲ್ಲ, 9. ಕಂದಾಯದ ಗಂಟು ಮಾತ್ರ 352ರಲ್ಲೇ ಇದೆ, ಅರಮನೆ ಅದನ್ನು ಸರಿಸುವುದಿಲ್ಲ. ಅಂದರೆ ಎಷ್ಟೇ ಒಳ್ಳೇ ಮಳೆ ಬಂದರೂ ಆ ದಿನ ಹನ್ನೊಂದನೇ ಗೂಡು ಇನ್ನೂ ಚಂದ್ರಿಕೆಯ ಮೇಲೇ ಇರುತ್ತದೆ. ನನ್ನ ಕತೆಯಲ್ಲಿ ಒಬ್ಬ ಅಜ್ಜಿ ಇದ್ದಾಳೆ, ತಾನು ಹದಿಮೂರರ ವರ್ಷದವಳು, ಸುಖದ ವರ್ಷದವಳು ಅಂತ ಹೇಳಿಕೊಳ್ಳುವವಳು. ಈಗ ಆ ವರ್ಷ ಮಳೆ ನಾಲ್ಕು ದಿನ ತಡವಾಗಿತ್ತು ಅಂತ ಆಯಿತು. ಆ ನಾಲ್ಕು ದಿನ ಅವಳ ಮನೆಯವರು ಏನು ತಿಂದರು ಅಂತ ಬರೆಯುತ್ತಿದ್ದೇನೆ.